ಕಾಲಲ್ಲಿ ತುಳಿಯುವ ಸಾಕ್ಷಿ

ಕರೆಂಟು ಬಿಲ್ಲಿನ ಕೊನೆಯ ಸಾಲು ಓದಿದ ದರ್ಜಿ, ತುಟಿಯಲ್ಲಿ ಕಚ್ಚಿದ್ದ ಗುಂಡುಸೂಜಿಯನ್ನು ನುಂಗುವುದೊಂದು ಬಾಕಿ. ಮನೆಯ ಸಂಪರ್ಕದಲ್ಲಿ ಕಸುಬು ನಡೆಸಿದ್ದಕ್ಕೆ ದಂಡ! ಕಟ್ಟದಿದ್ದರೆ ಸಂಜೆಗೆ ಲೈನು ಕಟ್. ಆಕ್ಷೇಪಣೆಗೆ ಇಂದು ಮಧ್ಯಾಹ್ನವೇ ಕೊನೆಯ ವಿಚಾರಣೆ. ಬಿಲ್ಲು ಹದಿನೈದು ದಿನದಿಂದ ಅವನ ಅಳತೆ ಪುಸ್ತಕದಲ್ಲಿ ಪುಟದ ಗುರುತಿಗಿಟ್ಟ ಚೀಟಿಯಾಗಿ ಮಲಗಿತ್ತು.

"ನನ್ನ ಮಿಷನ್ನು ಕಾಲಲ್ಲಿ ತುಳಿಯೋದು ಕಣೇ! ಕರೆಂಟೆಲ್ಲಿಂದ ಬಂತು?" ಎಂದು ಹೆಂಡತಿಯ ಮುಂದೆ ಕೂಗಾಡಿದ.

ಕೂಗು ಪಕ್ಕದ ಮನೆಯ ನಿವೃತ್ತ ಕೋರ್ಟ್ ಗುಮಾಸ್ತರಿಗೆ ಮುಟ್ಟಿತು. ಮೂವತ್ತು ವರ್ಷ ವಕೀಲರ ಜಗಳ ಕೇಳಿದ ಅವರಿಗೆ ತಾವೂ ಒಮ್ಮೆ ವಾದಿಸಬೇಕೆಂಬ ಚಪಲ.

"ಬಾಯಲ್ಲಿ ಹೇಳಿದ್ರೆ ಯಾರು ನಂಬ್ತಾರೆ? ಮಿಷನ್ನೇ ಸಾಕ್ಷಿ, ಹೊತ್ಕೊಂಡು ನಡಿ. ಕೇಳಿದ್ದಕ್ಕಷ್ಟೇ ಉತ್ತರ, ತಿಳೀತಾ?"

ಕರೆಂಟು ಕಚೇರಿಯ ಮೂರು ಮಹಡಿ ಹತ್ತುವಷ್ಟರಲ್ಲಿ ದರ್ಜಿಯ ಸೊಂಟ ಹಳೇ ಬಾಗಿಲಿನಂತೆ ಕಿರುಗುಟ್ಟಿತು. ಗುಮಾಸ್ತರು ಹೊತ್ತದ್ದು ಎಣ್ಣೆ ಡಬ್ಬಿ ಮಾತ್ರ. ವಿಚಾರಣೆಯ ಕೋಣೆಯಲ್ಲಿ ಕಿಟಕಿಗಳಿಗೆಲ್ಲ ಕಡತದ ಬೀರುಗಳು ಅಡ್ಡ ನಿಂತಿದ್ದವು. ಹಾಡುಹಗಲೇ ದೀಪ ಉರಿಯುತ್ತಿತ್ತು.

"ಇದೇನ್ರೀ ಇದು?" ಅಧಿಕಾರಿ ಮೇಡಂ ಬೆಚ್ಚಿದರು.

"ಸಾಕ್ಷಿ, ಮೇಡಂ," ಎಂದರು ಗುಮಾಸ್ತರು. "ಇವನ ಕಸುಬಿಗೆ ಒಂದು ಯೂನಿಟ್ ಕರೆಂಟೂ ಬೇಡ. ಪರೀಕ್ಷೆ ಮಾಡಿ."

ಮೇಡಂ ತಮ್ಮ ಕರಿಕೋಟು ಬಿಚ್ಚಿಕೊಟ್ಟರು. ಅದರ ಎರಡೂ ತೋಳಿನ ಹೊಲಿಗೆ ಬಿಟ್ಟಿತ್ತು. ದರ್ಜಿ ತುಳಿದ. ಕರಿಬಟ್ಟೆಯ ಮೇಲೆ ಕರಿದಾರ ಓಡಿತು, ಹೊಲಿಗೆ ಎಲ್ಲಿದೆಯೆಂದೇ ಗೊತ್ತಾಗದಷ್ಟು ನಾಜೂಕು. ಒಂದು ತೋಳು ಮುಗಿಯಿತು. ಸಿಬ್ಬಂದಿಯೆಲ್ಲ ಕೆಲಸ ಬಿಟ್ಟು ಸುತ್ತ ನೆರೆದರು.

"ಅಬ್ಬಾ! ಕರೆಂಟಿನ ಮಾತೇ ಇಲ್ವಲ್ಲ!" ಎನ್ನುತ್ತ ಮೇಡಂ ಕಡತದಲ್ಲಿ 'ದಂಡ' ಎಂದು ಬರೆದರು. 'ರದ್ದು' ಎಂದು ಬರೆಯುವುದಷ್ಟೇ ಉಳಿದಿತ್ತು.

ಅಷ್ಟರಲ್ಲಿ ಕರೆಂಟು ಹೋಯಿತು. ಅದೂ ಕರೆಂಟು ಕಚೇರಿಯಲ್ಲೇ! ಕೋಣೆ ಕಗ್ಗತ್ತಲಾಯಿತು.

"ನೀವು ಹೊಲೀರಿ, ನಿಮಗೇನಂತೆ," ಎಂದಿತು ಮೇಡಂ ದನಿ.

ಬಾಯಿ ಬಿಡಬೇಡವೆಂದು ದರ್ಜಿಯನ್ನು ಎಚ್ಚರಿಸಲು ಗುಮಾಸ್ತರು ತಿವಿದರು. ಏಟು ಬೇರೆ ಯಾರಿಗೋ ಬಿತ್ತು. ದರ್ಜಿಗೆ ತನ್ನ ಬೆರಳಿನ ಚಿಂತೆ.

"ಅಯ್ಯೋ, ಲೈಟಿಲ್ದೆ ಹೇಗೆ ಹೊಲೀಲಿ ಮೇಡಂ? ಮನೇಲೂ ಅಷ್ಟೇ, ಕಿಟಕಿ ಇಲ್ಲದ ಕೋಣೆ. ಬೆಳಗಿಂದ ಸಂಜೆವರೆಗೂ ಲೈಟು ಹಾಕ್ಕೊಂಡೇ..."

ಕತ್ತಲಲ್ಲಿ ಗುಮಾಸ್ತರ ಕೈಯಿಂದ ಎಣ್ಣೆ ಡಬ್ಬಿ ಠಣ್ಣೆಂದು ಬಿತ್ತು.

ದೀಪ ಬಂತು. ಮೇಡಂ 'ದಂಡ'ದ ಮುಂದೆ 'ಖಾಯಂ' ಎಂದು ಬರೆದು ಸಹಿ ಹಾಕಿದರು. ಮಿಷನ್ನಿನ ಮೇಲಿದ್ದ ಕೋಟನ್ನು ದರ್ಜಿಯ ಕಡೆಗೆ ಮೆಲ್ಲಗೆ ಸರಿಸಿದರು.

"ಇನ್ನೊಂದು ತೋಳು ಇಲ್ಲೇ ಮುಗಿಸಿಬಿಡಿ. ಸಂಜೆ ನಿಮ್ಮ ಮನೇಲಿ ಲೈಟಿರಲ್ಲ."