ಬೀರುವಿನಲ್ಲಿ ಐದು ಎಚ್‌ಪಿ ಮೋಟಾರು

ಮರಿಸ್ವಾಮಿ: ಬೀಗ ತಗೀರಿ ಸಾ. ನಿಮ್ ಬೀರುವೊಳಗೆ ನಮ್ ಮೋಟ್ರು ಅದೆ.

ಶಿವಶಂಕರ್: ಏನಿದೆ ಅಂದ್ರಿ?

ಮರಿಸ್ವಾಮಿ: ಮೋಟ್ರು ಸಾ. ಐದು ಎಚ್‌ಪಿದು.

ಶಿವಶಂಕರ್: ಮರಿಸ್ವಾಮಿಯವರೆ, ಈ ಬೀರುವಲ್ಲಿ ಹಾಜರಿ ಪುಸ್ತಕ ಇಡೋಕೇ ಜಾಗ ಇಲ್ಲ. ನಿಮ್ಮ ಮೋಟಾರನ್ನ ನಾನು ಯಾಕೆ ತಂದು ಇಟ್ಕೊಳ್ಳಲಿ? ಕಳ್ಳತನ ಆಗಿದ್ರೆ ಪೊಲೀಸ್ ಸ್ಟೇಷನ್ನಿಗೆ ಹೋಗಿ.

ಮರಿಸ್ವಾಮಿ: ಕದ್ದಿದ್ದೀರಿ ಅಂತ ನಾನೆಲ್ಲಿ ಅಂದೆ ಸಾ. ನೀವೇ ಚೀಟಿ ಕಳ್ಸಿ ತರಿಸ್ಕಂಡ್ರಿ.

ಶಿವಶಂಕರ್: ನಾನು ಮೋಟಾರು ತರಿಸ್ಕೊಂಡೆನಾ?

ಮರಿಸ್ವಾಮಿ: ಊಂ ಸಾ. ನಮ್ ರಂಜಿತ ಬ್ಯಾಗಲ್ಲಿ ಮಡಿಕ್ಕಂಡು ಬಂದವ್ಳೆ.

ಹೆಡ್‌ಮಾಸ್ಟರು ಶಿವಶಂಕರ್ ಪೆನ್ನು ಕೆಳಗಿಟ್ಟರು. ಒಂಬತ್ತನೇ ಕ್ಲಾಸಿನ ಹುಡುಗಿ ಐದು ಎಚ್‌ಪಿ ಮೋಟಾರನ್ನು ಬ್ಯಾಗಿನಲ್ಲಿ ಹೊತ್ತು ತಂದಳೆಂಬುದು ಅವರಿಗೆ ಎಷ್ಟು ಯೋಚಿಸಿದರೂ ತಲೆಗೆ ಹತ್ತಲಿಲ್ಲ. ಎದುರಿಗೆ ನಿಂತಿದ್ದವನು ಕ್ಯಾತನಹಳ್ಳಿಯ ಮರಿಸ್ವಾಮಿ. ಒಂದೂವರೆ ಎಕರೆ ಕಬ್ಬಿನ ಯಜಮಾನ. ಕಾಲಿಗೆ ಗದ್ದೆಯ ಕೆಸರು ಹಾಗೇ ಇತ್ತು.

ಶಾಲೆ ಪಾಂಡವಪುರದ ಕಡೆಯ ಒಂದು ಖಾಸಗಿ ಪ್ರೌಢಶಾಲೆ. ಹೆಸರು ಹೇಳುವುದಿಲ್ಲ, ಹೇಳಿದರೆ ಉಳಿದ ಶಾಲೆಯವರು ನಮ್ಮದನ್ನು ಯಾಕೆ ಬಿಟ್ಟಿರಿ ಎಂದು ಜಗಳಕ್ಕೆ ಬರುತ್ತಾರೆ. ಗೇಟಿನ ಮೇಲೆ ಮೂರು ವಾರದಿಂದ ಒಂದು ಬ್ಯಾನರು ತೂಗುತ್ತಿದೆ: ‘ನಮ್ಮ ಸಾಧನ, ನಮ್ಮ ಕಲಿಕೆ’. ಅಂದರೆ ಮಕ್ಕಳು ಮನೆಯಿಂದ ಸ್ವಂತ ಫೋನೋ ಟ್ಯಾಬೋ ತಂದು ಅದರಲ್ಲಿ ಪಾಠ ಕಲಿಯಬೇಕು. ಶಾಲೆಯ ಕಂಪ್ಯೂಟರುಗಳೆಲ್ಲ ಕೆಟ್ಟು ಕೂತ ಮೇಲೆ ಆಡಳಿತ ಮಂಡಳಿಗೆ ಹೊಳೆದ ಪ್ರಗತಿ ಇದು.

ಶಿವಶಂಕರ್: ಓಹೋ, ಫೋನಾ. ಫೋನು ಅಂತ ಹೇಳಬಾರದಾ?

ಮರಿಸ್ವಾಮಿ: ನಿಮಗೆ ಫೋನು, ನಮಗೆ ಮೋಟ್ರು. ಗದ್ದೇಲಿರೋ ಸ್ಟಾರ್ಟರ್ ಪೆಟ್ಟಿಗೆಗೆ ಸಿಮ್ಮು ಹಾಕ್ಸಿವ್ನಿ. ನನ್ ಫೋನಿಂದ ಕಾಲ್ ಮಾಡುದ್ರೆ ಓಡ್ತದೆ, ಇಲ್ದೆ ಇದ್ರೆ ಮನೀಕತದೆ. ತ್ರೀ ಫೇಸು ಕರೆಂಟು ಹನ್ನೊಂದಕ್ಕೆ ಬಂದದೆ, ಒಂದೂವರೆಗೆ ಓಯ್ತದೆ. ಈಗ್ಲೇ ಹನ್ನೊಂದೂಕಾಲು.

ಶಿವಶಂಕರ್: ಗದ್ದೆಗೆ ಹೋಗಿ ಕೈಯಲ್ಲೇ ಬಟನ್ ಒತ್ತಿ.

ಮರಿಸ್ವಾಮಿ: ಆ ಬಟನ್ನು ಕೆಟ್ಟು ಎರಡು ವರ್ಸ ಆಯ್ತು. ಫೋನಲ್ಲೇ ನಡೀತದಲ್ಲ, ರಿಪೇರಿ ಯಾಕೆ ಅಂತ ಬುಟ್ಬುಟ್ಟೆ.

ಶಿವಶಂಕರ್: ಹಾಗಾದ್ರೆ ತಗೊಳ್ಳಿ, ನನ್ನ ಫೋನಿಂದ ಮಾಡಿ.

ಮರಿಸ್ವಾಮಿ: ನಿಮ್ ಮಾತು ಅದು ಕೇಳಕ್ಕಿಲ್ಲ ಸಾ.

ಶಿವಶಂಕರ್: ನಾನು ಹೆಡ್‌ಮಾಸ್ಟರು ಕಣ್ರೀ.

ಮರಿಸ್ವಾಮಿ: ಅದಕ್ಕೇನ್ ಗೊತ್ತು ಸಾ. ಅದಕ್ಕೆ ನನ್ ನಂಬರ್ ಒಂದೇ ಗೊತ್ತಿರದು. ನಮ್ ಹೆಂಡ್ರು ಮಾತೂ ಕೇಳಕ್ಕಿಲ್ಲ. ನಮ್ಮನೇಲಿ ಯಾರ ಮಾತೂ ಕೇಳ್ದೆ ಇರೋವು ಎರಡೇ, ಒಂದು ಆ ಸ್ಟಾರ್ಟ್ರು, ಇನ್ನೊಂದು ನಮ್ಮವ್ವ.

ಶಿವಶಂಕರ್: ಮೂರು ವಾರದಿಂದ ನಿಮ್ಮ ಮಗಳು ಫೋನು ತರ್ತಾ ಇದಾಳೆ. ಇಷ್ಟು ದಿನ ಇಲ್ಲದ ಮೋಟಾರು ಇವತ್ತು ಎಲ್ಲಿಂದ ಬಂತು?

ಮರಿಸ್ವಾಮಿ: ಇಸ್ಟ್ ದಿನ ನಾಲೇಲಿ ನೀರಿತ್ತು. ನೆನ್ನೆ ನಿಲ್ಸುದ್ರು. ನಾನು ಒತ್ತಾರೆ ಎದ್ದು ಕಬ್ಬಿಗೆ ಯೂರಿಯಾ ಎರಚ್ಬುಟ್ಟು, ಕರೆಂಟ್ ಬತ್ತಿದ್ದಂಗೆ ನೀರು ಬುಡನ ಅಂತ ಜೇಬಿಗೆ ಕೈ ಹಾಕ್ತೀನಿ, ಫೋನು ಸ್ಕೂಲ್ಗೋಗ್ಬುಟ್ಟದೆ. ಈ ಬಿಸ್ಲಲ್ಲಿ ನೀರು ಬುಡ್ದೆ ಇದ್ರೆ ಎಳೇ ಕಬ್ಬು ಸುಟ್ಟೋಯ್ತದೆ ಸಾ.

ಶಿವಶಂಕರ್: ನಿಮ್ಮ ಕಷ್ಟ ಅರ್ಥ ಆಗುತ್ತೆ. ಆದ್ರೆ ನಿಯಮ ಅಂತ ಒಂದಿದೆ. ಸಂಜೆ ನಾಲ್ಕರವರೆಗೆ ಬೀರು ತೆಗೆಯೋ ಹಾಗಿಲ್ಲ.

ಮರಿಸ್ವಾಮಿ: ಅಂಗಾರೆ ಮಕ್ಳು ಪಾಟ ಕಲಿಯದು ಎಂಗೆ?

ಶಿವಶಂಕರ್: ಸಾಧನದ ಮೂಲಕ.

ಮರಿಸ್ವಾಮಿ: ಸಾದ್ನ ಎಲ್ಲದೆ?

ಶಿವಶಂಕರ್: ಬೀರುವಲ್ಲಿ.

ಮರಿಸ್ವಾಮಿ: ಮಕ್ಳು ಎಲ್ಲವ್ರೆ?

ಶಿವಶಂಕರ್: ತರಗತೀಲಿ.

ಮರಿಸ್ವಾಮಿ: ಮದ್ಯ ಒಂದು ಗೋಡೆ ಅದಲ್ಲ ಸಾ.

ಶಿವಶಂಕರ್: ಗೋಡೆ ಸುರಕ್ಷತೆಗೆ. ಫೋನನ್ನ ಮಕ್ಕಳ ಕೈಗೆ ಕೊಟ್ರೆ ಪಾಠ ಬಿಟ್ಟು ರೀಲ್ಸ್ ನೋಡ್ತಾರೆ. ಅದಕ್ಕೇ ಬೆಳಿಗ್ಗೆ ಪ್ರಾರ್ಥನೆ ಮುಗಿದ ತಕ್ಷಣ ಎಲ್ಲಾ ಸ್ವಿಚ್ ಆಫ್ ಮಾಡಿಸಿ ಬೀರುವಲ್ಲಿಟ್ಟು ಬೀಗ ಹಾಕ್ತೀವಿ. ಮೂವತ್ತೆಂಟು ಮಕ್ಕಳು, ಮೂವತ್ತೆಂಟು ಸಾಧನ. ಒಂದೂ ಕಳೆದಿಲ್ಲ, ಒಂದಕ್ಕೂ ಗೀರು ಬಿದ್ದಿಲ್ಲ. ತಾಲ್ಲೂಕಲ್ಲೇ ಇಂಥ ಡಿಜಿಟಲ್ ಶಾಲೆ ಇನ್ನೊಂದಿಲ್ಲ.

ಮರಿಸ್ವಾಮಿ: ಬೀಗ ಹಾಕಿ ಮಡಗದಾದ್ರೆ ನಮ್ಮನೇಲೂ ಬೀರು ಅದೆ ಸಾ. ಅಲ್ಲೇ ಮಡಗಿ ಕಲಿಸ್ತಿದ್ದೆ.

ಹೆಡ್‌ಮಾಸ್ಟರು ಈ ಮಾತನ್ನು ಕೇಳಿಸಿಕೊಳ್ಳಲಿಲ್ಲ. ಕೇಳಿಸಿಕೊಳ್ಳದಿರುವುದು ಅವರಿಗೆ ಇಪ್ಪತ್ತು ವರ್ಷದ ಅಭ್ಯಾಸ. ಡ್ರಾಯರಿನಿಂದ ಒಂದು ಹಾಳೆ ತೆಗೆದು, ಹಣೆಯ ಮೇಲಿದ್ದ ಕನ್ನಡಕವನ್ನು ಮೂಗಿಗಿಳಿಸಿ, ಗಂಟಲು ಸರಿಮಾಡಿಕೊಂಡರು.

ಶಿವಶಂಕರ್: ನೀವು ಬರೆದುಕೊಟ್ಟ ಮುಚ್ಚಳಿಕೆ ಓದ್ತೀನಿ, ಕೇಳಿ. ‘ಸದರಿ ಸಾಧನವು ಶಾಲಾ ಅವಧಿಯಲ್ಲಿ ನನ್ನ ಮಗಳ ಸ್ವಂತದ್ದಾಗಿದ್ದು, ಅದರ ಮೇಲೆ ನನಗೆ ಯಾವುದೇ ಹಕ್ಕು ಇರುವುದಿಲ್ಲ.’ ಸಹಿ ಯಾರದು?

ಮರಿಸ್ವಾಮಿ: ನಂದೇ. ಮಾರ್ಕ್ಸ್ ಕಾರ್ಡು ಅನ್ಕಂಡು ಹಾಕ್ದೆ.

ಶಿವಶಂಕರ್: ಓದದೇ ಸಹಿ ಹಾಕಿದ್ರಾ?

ಮರಿಸ್ವಾಮಿ: ಮಾರ್ಕ್ಸ್ ಕಾರ್ಡ್ನ ಯಾವತ್ತು ಓದಿವ್ನಿ ಸಾ. ಓದುದ್ರೆ ಸಿಟ್ಟು ಬತ್ತದೆ.

ಶಿವಶಂಕರ್: ಅಂತೂ ಈ ಫೋನಿನ ವಿಚಾರದಲ್ಲಿ ನೀವೀಗ ಮೂರನೆಯವರು.

ಮರಿಸ್ವಾಮಿ: ನನ್ ಫೋನಿಗೆ ನಾನೇ ಮೂರ್ನೆಯವ್ನಾ? ಮೊದಲ್ನೆಯವ್ಳು ಮಗಳು ಸರಿ, ಎರಡ್ನೆಯವ್ರು ಯಾರು?

ಶಿವಶಂಕರ್: ಶಾಲೆ.

ಮರಿಸ್ವಾಮಿ: ಸದ್ಯ, ನಾಲ್ಕ್ನೆಯವ್ರು ಇನ್ಯಾರೂ ಇಲ್ವಲ್ಲ. ಕರೀರಿ ಆ ಮೊದಲ್ನೆಯವ್ಳ.

ಹಕ್ಕುದಾರಳನ್ನು ಕರೆಸಲಾಯಿತು. ರಂಜಿತ ಬಾಗಿಲಲ್ಲಿ ನಿಂತು ಅಪ್ಪನ ಕಾಲಿನ ಕೆಸರು ನೋಡಿದಳು, ಗೋಡೆಯ ಗಡಿಯಾರ ನೋಡಿದಳು. ಅವಳಿಗೆ ಯಾರೂ ಏನೂ ಹೇಳಬೇಕಾಗಲಿಲ್ಲ.

ರಂಜಿತ: ಅಪ್ಪ, ಯೂರಿಯಾ ಹಾಕ್ಬುಟ್ಟಾ?

ಮರಿಸ್ವಾಮಿ: ಹಾಕ್ಬುಟ್ಟೆ ಕಣವ್ವ.

ರಂಜಿತ: ಬೆಳಿಗ್ಗೆ ಹೊರಡೋವಾಗ್ಲೇ ಹೇಳ್ದೆ, ನಾಲೆ ನಿಂತದೆ, ಫೋನು ನೀನೇ ಮಡಿಕ್ಕ ಅಂತ. ಹೆಡ್‌ಮಾಸ್ಟ್ರು ಬೈತಾರೆ ತಗಂಡೋಗು ಅಂದೋನು ನೀನೇ.

ಮರಿಸ್ವಾಮಿ: ಅದ್ನ ಅವ್ರ ಮುಂದೆ ಯಾಕ್ ಹೇಳ್ತೀಯೆ.

ಶಿವಶಂಕರ್: ರಂಜಿತ, ಸಾಧನ ಬೇಕು ಅಂತ ನೀನು ಅರ್ಜಿ ಬರೆದುಕೊಡಬೇಕು. ಕಾರಣ ಮಾತ್ರ ಕಲಿಕೆಗೆ ಸಂಬಂಧಪಟ್ಟಿರಬೇಕು.

ರಂಜಿತ: ಕಲಿಕೆಗೆ ಅಂದ್ರೆ ಫೋನು ಕೈಗೆ ಕೊಡ್ತೀರಾ ಸಾರ್?

ಶಿವಶಂಕರ್: ಯಾಕೆ, ದಿನಾ ಡಿಜಿಟಲ್ ಪೀರಿಯಡ್ ನಡೀತಾ ಇಲ್ವಾ?

ರಂಜಿತ: ನಡೀತದೆ ಸಾರ್. ಸಹನ ಮೇಡಂ ಬೋರ್ಡ್ ಮೇಲೆ ಫೋನಿನ ಚಿತ್ರ ಬರೀತಾರೆ. ಇದು ಹುಡುಕೋ ಜಾಗ, ಇದು ಹಿಂದಕ್ಕೆ ಹೋಗೋ ಬಟನ್ನು ಅಂತ ಬಾಣ ಹಾಕ್ತಾರೆ. ನಾವು ನೋಟ್ಸಲ್ಲಿ ಬರ್ಕೊತೀವಿ. ನೆನ್ನೆ ಬ್ಯಾಟ್ರಿಗೆ ಬಣ್ಣ ಹಚ್ಚಿದ್ವಿ.

ಮರಿಸ್ವಾಮಿ: ಚಾರ್ಜ್ ಎಷ್ಟಿತ್ತವ್ವ?

ರಂಜಿತ: ಫುಲ್ಲು ಅಪ್ಪ. ಹಸಿರು ಪೆನ್ಸಿಲ್ಲೇ ಮುಗ್ದೋಯ್ತು.

ಶಿವಶಂಕರ್: ತಮಾಷೆ ಸಾಕು. ಶಾಲಾ ಅವಧೀಲಿ ಫೋನಿಂದ ಮೋಟಾರು ಓಡಿಸೋದು ಅಂದ್ರೆ ಅಶಿಸ್ತು. ಕಲಿಕೆ ಬಿಟ್ಟು ಬೇರೆ ಯಾವ ಕೆಲಸಕ್ಕೂ ಈ ಕಾಂಪೌಂಡಿನೊಳಗೆ ಫೋನು ಬಳಸೋ ಹಾಗಿಲ್ಲ. ನಾನೂ ಸೇರಿ.

ಅಷ್ಟರಲ್ಲಿ ಮೇಜಿನ ಮೇಲಿದ್ದ ಅವರ ಫೋನು ಬಡಿದುಕೊಂಡಿತು. ಕನ್ನಡಕ ಮತ್ತೆ ಹಣೆಯ ಮೇಲೆ ಹೋಗಿ ಕೂತಿದ್ದರಿಂದ ಯಾರ ಕರೆ ಎಂದು ಕಾಣಲಿಲ್ಲ.

ಶಿವಶಂಕರ್: ನೋಡಿ, ಆಡಳಿತ ಮಂಡಳಿ ಕಾರ್ಯದರ್ಶಿಗಳೇ ಇರಬೇಕು, ಈ ಹೊತ್ತಿಗೆ ಮಾಡ್ತೀನಿ ಅಂದಿದ್ರು. ಸ್ಪೀಕರಿಗೆ ಹಾಕ್ತೀನಿ. ನಿಯಮ ಏನು ಅಂತ ಅವರ ಬಾಯಿಂದಲೇ ಕೇಳಿ.

ಫೋನು ಮಾತಾಡಿತು. ‘ನಮಸ್ಕಾರ. ಅಕ್ಕಿಹೆಬ್ಬಾಳು ಪಂಪ್‌ಸೆಟ್. ತ್ರೀ ಫೇಸ್ ವಿದ್ಯುತ್ ಬಂದಿದೆ. ಮೋಟಾರ್ ಚಾಲನೆಗೆ ಒಂದನ್ನು ಒತ್ತಿ.’ ಹೆಡ್‌ಮಾಸ್ಟರ ಬೆರಳು ಅವರನ್ನೊಂದು ಮಾತೂ ಕೇಳದೆ ಹೋಗಿ ಒಂದನ್ನು ಒತ್ತಿತು. ‘ಧನ್ಯವಾದ. ನಿಮ್ಮ ಮೋಟಾರ್ ಚಾಲನೆಯಾಗಿದೆ.’

ಮರಿಸ್ವಾಮಿ: ಕಾರ್ಯದರ್ಶಿಗೋಳ ದನಿ ಬಲು ಮೆತ್ತಗದೆ ಸಾ.

ಶಿವಶಂಕರ್: ಅದು... ಅಕ್ಕಿಹೆಬ್ಬಾಳಲ್ಲಿ ನಮ್ಮ ತಂದೆ ಕಾಲದ ಗದ್ದೆ. ಅರ್ಧ ಎಕರೆ ಅಷ್ಟೇ.

ಮರಿಸ್ವಾಮಿ: ಬತ್ತವಾ?

ಶಿವಶಂಕರ್: ಬತ್ತವೇ. ನಾಟಿ ಮಾಡಿ ಎಂಟು ದಿನ ಆಯ್ತು. ಈಗ ಒಂದಿನ ನೀರು ತಪ್ಪುದ್ರೆ ನೆಲ ಬಿರುಕು ಬುಟ್ಕತದೆ ಕಣಯ್ಯ.

ಶಾಲೆಗೆ ಬಂದ ಮೇಲೆ ಹೆಡ್‌ಮಾಸ್ಟರ ಬಾಯಿಂದ ಊರಿನ ಮಾತು ಬಂದದ್ದು ಅದೇ ಮೊದಲು. ಬಂದದ್ದು ಅವರಿಗೂ ಗೊತ್ತಾಯಿತು. ಮರಿಸ್ವಾಮಿಗೆ ಮಾತ್ರ ಈಗ ನಿಜವಾಗಿಯೂ ಹೊಟ್ಟೆ ಉರಿಯಿತು. ಇಷ್ಟು ಹೊತ್ತು ಮೇಷ್ಟರಿಗೆ ಗದ್ದೆ ಗೊತ್ತಿಲ್ಲ ಎಂದು ಅವನು ಸಮಾಧಾನ ಮಾಡಿಕೊಂಡಿದ್ದ.

ಮರಿಸ್ವಾಮಿ: ನಿಮ್ ಬತ್ತಕ್ಕಾದ್ರೆ ದಾಹ, ನಮ್ ಕಬ್ಬಿಗಾದ್ರೆ ಅಶಿಸ್ತಾ ಸಾ?

ಶಿವಶಂಕರ್: ನನ್ನದು ಕಚೇರಿ ಫೋನು. ಅದು ಬೇರೆ, ಇದು ಬೇರೆ.

ಮರಿಸ್ವಾಮಿ: ಕಚೇರಿ ಫೋನಲ್ಲೇ ಗದ್ದೆಗೆ ನೀರು ಬುಟ್ರಾ? ಅಂಗಾರೆ ಅದೂ ಬೀರುಗೆ ಹೋಗ್ಲಿ, ಮೂವತ್ತೊಂಬತ್ತು ಆಯ್ತದೆ.

ಇಬ್ಬರೂ ಒಬ್ಬರನ್ನೊಬ್ಬರು ದುರುಗುಟ್ಟಿ ನೋಡುತ್ತ ನಿಂತರು. ಗಡಿಯಾರ ಹನ್ನೆರಡಕ್ಕೆ ಹತ್ತಿರವಾಗಿತ್ತು. ಆ ಕೋಣೆಯಲ್ಲಿ ಗಡಿಯಾರ ನೋಡುತ್ತಿದ್ದವಳು ರಂಜಿತ ಒಬ್ಬಳೇ.

ರಂಜಿತ: ಸಾರ್, ಸಮಾಜ ವಿಜ್ಞಾನದಲ್ಲಿ ನೀರಾವರಿ ಪಾಠ ನಡೀತಾ ಇದೆ. ಅದರ ಪ್ರಾಯೋಗಿಕ ಅಂತ ಬರ್ಕೊಟ್ರೆ ಬೀರು ತೆಗೀಬಹುದಾ? ನೀವು ಬೇಕಾದ್ರೆ ಫೋಟೋನೂ ತಕ್ಕೋಬಹುದು.

ಫೋಟೋ ಎಂಬ ಮಾತು ಹೆಡ್‌ಮಾಸ್ಟರಿಗೆ ಸರಿಯಾದ ಜಾಗಕ್ಕೆ ತಾಗಿತು. ಮಕ್ಕಳು ಸಾಧನ ಬಳಸುತ್ತಿರುವ ಫೋಟೋ ಕಳಿಸಿ ಎಂದು ಕಾರ್ಯದರ್ಶಿಗಳು ಮೂರು ವಾರದಿಂದ ಪೀಡಿಸುತ್ತಿದ್ದರು. ಬೀಗ ಹಾಕಿದ ಬೀರುವಿನ ಫೋಟೋ ತೆಗೆದು ಕಳಿಸುವಷ್ಟು ಧೈರ್ಯ ಅವರಿಗೆ ಇನ್ನೂ ಬಂದಿರಲಿಲ್ಲ. ಅರ್ಜಿ ಎರಡೇ ನಿಮಿಷದಲ್ಲಿ ಸಿದ್ಧವಾಯಿತು. ಅವರು ಕೆಂಪು ಪೆನ್ನು ತೆಗೆದುಕೊಂಡರು.

ಶಿವಶಂಕರ್: ‘ದಯವಿಟ್ಟು’ ಅನ್ನೋದು ಎರಡು ಸಲ ಬಂದಿದೆ.

ಮರಿಸ್ವಾಮಿ: ಒಂದು ನಂದು ಅನ್ಕಳಿ ಸಾ. ತಗೀರಿ.

ಬೀರು ತೆರೆಯಿತು. ಮೂವತ್ತೆಂಟು ಫೋನುಗಳು ಸಾಲಾಗಿ ಮಲಗಿದ್ದವು, ಶಾಲೆಯಲ್ಲಿ ಅಷ್ಟು ಶಿಸ್ತು ಬೇರೆಲ್ಲೂ ಇರಲಿಲ್ಲ. ಮರಿಸ್ವಾಮಿ ರಬ್ಬರ್ ಬ್ಯಾಂಡ್ ಸುತ್ತಿದ್ದ ತನ್ನದನ್ನು ಹುಡುಕಿ ಆನ್ ಮಾಡಿದ. ಒಂಬತ್ತನೇ ತರಗತಿಯನ್ನು ಪೂರ್ತಿ ಜಗಲಿಗೆ ಕರೆಸಲಾಯಿತು.

ಶಿವಶಂಕರ್: ಮಕ್ಕಳೇ, ಇವತ್ತಿನ ಪಾಠ ದೂರದಿಂದಲೇ ನೀರಾವರಿ. ಸಂಪನ್ಮೂಲ ವ್ಯಕ್ತಿಗಳು ಶ್ರೀ ಮರಿಸ್ವಾಮಿಯವರು.

ಮರಿಸ್ವಾಮಿ: ಇದ್ಯಾರವ್ವ ಸಂಪನ್ಮೂಲ?

ರಂಜಿತ: ನೀನೇ ಕಣಪ್ಪ. ಸುಮ್ಕೆ ಕಾಲ್ ಮಾಡು.

ಮರಿಸ್ವಾಮಿ ಕಾಲ್ ಮಾಡಿ ಫೋನನ್ನು ಮಗಳ ಕೈಗೆ ಕೊಟ್ಟ. ರಂಜಿತ ಒಂದನ್ನು ಒತ್ತಿದಳು. ‘ನಿಮ್ಮ ಮೋಟಾರ್ ಚಾಲನೆಯಾಗಿದೆ’ ಎಂದು ಫೋನು ಹೇಳಿದಾಗ ಮಕ್ಕಳೆಲ್ಲ ಚಪ್ಪಾಳೆ ತಟ್ಟಿದರು. ಮೂರು ವಾರದಲ್ಲಿ ಆ ಶಾಲೆಯಲ್ಲಿ ಸಾಧನದಿಂದ ನಡೆದ ಮೊದಲ ಪಾಠ ಅದು. ನಾಲ್ಕು ಕಿಲೋಮೀಟರು ಆಚೆ ಕಬ್ಬಿನ ಸಾಲಿಗೆ ನೀರು ಬಿದ್ದಿತು. ಮರಿಸ್ವಾಮಿ ಟವೆಲಿನಿಂದ ಮುಖ ಒರೆಸಿಕೊಂಡು ಜಗಲಿಯ ಕಂಬಕ್ಕೆ ಒರಗಿದ. ಅವನಿಗೆ ಈಗ ಹೆಡ್‌ಮಾಸ್ಟರ ಮೇಲೂ ಸಿಟ್ಟು ಉಳಿದಿರಲಿಲ್ಲ.

ಹೆಡ್‌ಮಾಸ್ಟರು ಹನ್ನೊಂದು ಫೋಟೋ ತೆಗೆದು ಆಡಳಿತ ಮಂಡಳಿಯ ಗ್ರೂಪಿಗೆ ಹಾಕಿದರು. ಎರಡು ನಿಮಿಷದಲ್ಲಿ ಉತ್ತರ ಬಂತು. ಅದನ್ನು ಮೊದಲು ಮನಸ್ಸಿನಲ್ಲೂ ಆಮೇಲೆ ಗಟ್ಟಿಯಾಗಿಯೂ ಓದಿದರು.

ಶಿವಶಂಕರ್: ‘ಅದ್ಭುತ. ಇದೇ ನಾವು ಕಂಡ ಕನಸು. ಈ ಪಾಠ ಪ್ರತಿದಿನ ನಡೆಯಲಿ. ಸೋಮವಾರ ಮಂಡಳಿಯ ಎಲ್ಲರೂ ನೋಡಲು ಬರುತ್ತೇವೆ.’ ಮರಿಸ್ವಾಮಿಯವರೆ, ಕೇಳಿದ್ರಾ? ನಿಮಗೆ ಶಾಲು, ಹಾರ ಎಲ್ಲಾ ಉಂಟು.

ಮರಿಸ್ವಾಮಿ: ಸೋಮಾರನಾ ಸಾ?

ಶಿವಶಂಕರ್: ಸೋಮವಾರ. ದಯವಿಟ್ಟು ತಪ್ಪಿಸಬೇಡಿ, ನನ್ನ ಮರ್ಯಾದೆ ನಿಮ್ಮ ಕೈಯಲ್ಲಿದೆ. ಇವತ್ತು ಮಾಡಿದ ಹಾಗೇ, ಎಲ್ಲರೆದುರಿಗೆ ಮೋಟಾರು ಓಡಬೇಕು.

ಮರಿಸ್ವಾಮಿ: ಓಡುಸ್ತೀನಿ ಸಾ, ಅದಕ್ಕೇನಂತೆ. ಸೋಮಾರದಿಂದ ತ್ರೀ ಫೇಸು ರಾತ್ರಿ ಪಾಳಿ. ಒಂದು ಗಂಟೆಗೆ ಬತ್ತದೆ, ನಾಲ್ಕಕ್ಕೆ ಓಯ್ತದೆ. ಮಂಡ್ಲಿಯವ್ರು, ನೀವು, ಮಕ್ಳು ಎಲ್ಲಾ ಅಸ್ಟೊತ್ಗೆ ಬಂದ್ಬುಡಿ. ಟಾರ್ಚು ಮಾತ್ರ ಅವರವ್ರೇ ತರ್ಬೇಕು ಸಾ, ಸ್ವಂತದ್ದು.