ಪಕ್ಕದ ಕ್ಲಾಸಿನ ಭಾಗಾಕಾರ

ಗಣಿತ ಮಾಷ್ಟ್ರಿಗೆ ಮಕ್ಕಳಿಂದ ಎಂತ ತೊಂದರೆಯೂ ಇಲ್ಲ. ತೊಂದರೆ ಇರುವುದು ಪಕ್ಕದ ಕ್ಲಾಸಿನ ಗಣಿತ ಟೀಚರಿಂದ. ಪುತ್ತಿಗೆ ಕಡೆಯ ನಮ್ಮ ಶಾಲೆಗೆ ಈ ಟೀಚರ್ ವರ್ಗವಾಗಿ ಬಂದ ಮೇಲೆ ನನ್ನ ಗತಿ ಹೀಗೇ. ಏಳನೇ ಎ ನನ್ನದು, ಬಿ ಅವರದು, ನಡುವೆ ಗೋಡೆಯ ಬದಲು ಒಂದು ಬಿದಿರಿನ ತಟ್ಟಿ. ರಜೆಯಲ್ಲಿ ಅಧ್ಯಾಪಕರಿಗೆ ತರಬೇತಿ ಕೊಡಲು ನಮ್ಮಿಬ್ಬರಲ್ಲಿ ಒಬ್ಬರನ್ನು ಆರಿಸುತ್ತಾರೆಂದು ಸುದ್ದಿ ಬಂದದ್ದೇ ನನ್ನ ಹೊಟ್ಟೆಯುರಿ ಇನ್ನೂ ಹೆಚ್ಚಾಯಿತು. ಸೀನಿಯರ್ ನಾನು. ಅದು ನನಗೇ ಸಿಗಬೇಕು.

ನೇಂದ್ರ ಹಣ್ಣು

ಭಿನ್ನರಾಶಿಯನ್ನು ದಶಮಾಂಶ ಮಾಡುವ ಪಾಠ. ಮೂರನ್ನು ನಾಲ್ಕರಿಂದ ಭಾಗಿಸಲು ಆಗುವುದಿಲ್ಲ, ಸೊನ್ನೆ ಹಾಕಿ ಮೂವತ್ತು ಮಾಡಿ ಅಂದೆ.

"ಆ ಸೊನ್ನೆ ಎಲ್ಲಿಂದ ಬಂತು ಸಾರ್?" ಅಂತ ಒಬ್ಬಳು.

"ಬರ್ತದೆ, ಹಾಕು" ಅಂದೆ.

ತಟ್ಟಿಯಾಚೆ ಟೀಚರ್ ಮೂರು ನೇಂದ್ರ ಬಾಳೆಹಣ್ಣು ನಾಲ್ವರಿಗೆ ಹಂಚುತ್ತಿದ್ದರು. ಒಂದೊಂದನ್ನು ಹತ್ತು ತುಂಡು ಮಾಡಿ ತಲೆಗೆ ಏಳು. ಉಳಿದ ಎರಡನ್ನು ಮತ್ತೆ ಹತ್ತತ್ತು ಮಾಡಿ ಐದೈದು. ಸೊನ್ನೆ ದಶಮಾಂಶ ಏಳು ಐದು. ಚಪ್ಪಾಳೆಯೋ ಚಪ್ಪಾಳೆ.

ನಾನೆಂತ ಕಮ್ಮಿಯಾ? ಮರುದಿನ ಎರಡು ಹಣ್ಣು ತಂದು ಮೂವರಿಗೆ ಹಂಚಲು ಹೊರಟೆ. ಎಷ್ಟು ಕೊಯ್ದರೂ ಎರಡು ತುಂಡು ಉಳಿಯುತ್ತದೆ. ಕೊಯ್ದೆ, ಕೊಯ್ದೆ, ಮೇಜಿನ ಮೇಲೆ ಹಲ್ವ ಆಯಿತು.

"ಸಾರ್, ಟೀಚರನ್ನು ಕರೀಲಾ?" ಅಂದ ಒಬ್ಬ.

ಮನೆಯಲ್ಲೂ ಬಿಡುವುದಿಲ್ಲ

ನನ್ನ ಮಗಳೇ ಆ ಟೀಚರ ಕ್ಲಾಸು. ಒಂದನ್ನು ಇಪ್ಪತ್ತೈದರಿಂದ ಭಾಗಿಸಿ ಸೊನ್ನೆ ದಶಮಾಂಶ ನಾಲ್ಕು ಅಂತ ಬರೆದಿದ್ದಳು.

"ಹತ್ತು ಸಾಲದಿದ್ದರೆ ಉತ್ತರದಲ್ಲೂ ಒಂದು ಸೊನ್ನೆ ಹಾಕಿ, ಮತ್ತೆ ನೂರು ಮಾಡ್ಬೇಕು" ಅಂದೆ.

"ಟೀಚರ್ ಹಾಗೆ ಹೇಳ್ಲಿಲ್ಲ."

ಒಳಗಿಂದ ಹೆಂಡತಿ, "ಟೀಚರಿಗೊಂದು ಫೋನ್ ಮಾಡಿ ಕೇಳಿ. ಅವರಿಗೆ ಗಣಿತ ಗೊತ್ತುಂಟಲ್ಲ" ಅಂದಳು.

ಮಾಡಿದೆ. ಸ್ಪೀಕರಿನಲ್ಲಿ ಟೀಚರ್ ನಾನು ಹೇಳಿದ್ದನ್ನೇ ಚಾಚೂ ತಪ್ಪದೆ ಹೇಳಿದರು.

"ಹೀಗೆ ಬಿಡಿಸಿ ಹೇಳ್ಬೇಕಪ್ಪ" ಅಂದಳು ಮಗಳು.

ಆಫೀಸರ್ ಬಂದ ದಿನ

ಆರಿಸುವ ಆಫೀಸರ್ ಬಂದರು. ನನ್ನ ಕ್ಲಾಸಿನಲ್ಲಿ ಆಕಳಿಸಿದರು, ಎದ್ದು ಟೀಚರ ಕ್ಲಾಸಿಗೆ ಹೋದರು. ನಾನೂ ಹೋಗಿ ಹಿಂದಿನ ಬೆಂಚಲ್ಲಿ ಕೂತೆ. ಇವತ್ತು ಇವರನ್ನು ಬಿಡಬಾರದು ಅಂತ, "ಟೀಚರ್, ಒಂದನ್ನು ಹದಿನೇಳರಿಂದ ಭಾಗಿಸಿ ತೋರಿಸ್ತೀರಾ?" ಅಂದೆ. ಬೋರ್ಡು ಮುಗಿದರೂ ಆ ಲೆಕ್ಕ ಮುಗಿಯುವುದಿಲ್ಲ ಮಾರಾಯ್ರೆ.

ಟೀಚರ್ ನಗುತ್ತಾ ಮಕ್ಕಳನ್ನು ಸಾಲಾಗಿ ನಿಲ್ಲಿಸಿದರು. ಒಬ್ಬೊಬ್ಬರಿಗೆ ಒಂದೊಂದು ಅಂಕಿ. ಬೋರ್ಡು ತುಂಬಿ ಲೆಕ್ಕ ವರಾಂಡದ ನೆಲಕ್ಕೆ ಇಳಿಯಿತು. ಆಫೀಸರೂ ಬಗ್ಗಿಕೊಂಡು ಹಿಂದೆಯೇ ಹೊರಟರು. ಕೊನೆಗೆ ಶೇಷ ಒಂದು ಬಂತು.

"ಟೀಚರ್, ಸುರು ಮಾಡಿದ ಒಂದೇ ವಾಪಸ್ ಬಂತು. ಇನ್ನು ಅದೇ ಅಂಕಿಗಳು ಬರ್ತವೆ" ಅಂತ ಒಂದು ಸ್ವರ. ಯಾರು? ನನ್ನ ಮಗಳು.

ಆಫೀಸರಿಗೆ ಖುಷಿಯೋ ಖುಷಿ. "ಇಷ್ಟು ಚಂದದ ಲೆಕ್ಕ ಯಾರು ಆರಿಸಿದ್ದು?"

"ನಮ್ಮ ಮಾಷ್ಟ್ರು" ಅಂತ ಟೀಚರ್ ನನ್ನನ್ನು ತೋರಿಸಿದರು.

ಆಫೀಸರ್ ನನ್ನ ಕೈ ಕುಲುಕಿದರು. ಅಂತೂ ಗೆದ್ದೆ ಅಂದುಕೊಂಡೆ.

"ತರಬೇತಿ ಕೊಡಲು ಟೀಚರ್ ಹೋಗಲಿ. ನೀವೂ ಜತೆಗೆ ಹೋಗಿ, ಹಿಂದಿನ ಬೆಂಚಲ್ಲಿ ಕೂತು ಹೀಗೇ ಒಂದೊಂದು ಕೇಳ್ತಾ ಇರಿ" ಅಂದರು.