ಮನೇಲಿ ಯಾರೂ ಇಲ್ಲ

ಬಹಳ ಹಿಂದೆ, ಅರಸರೂ ಪ್ರಚಾರಕ್ಕೆಂದು ಮನೆಮನೆ ಸುತ್ತುತ್ತಿದ್ದ ಕಾಲದಲ್ಲಿ, ಅಗುಳಿಪುರವೆಂಬ ಅಂಗೈಯಗಲದ ರಾಜ್ಯವಿತ್ತು. ತಾತಂದಿರ ಕಾಲದಲ್ಲಿ ಪಕ್ಕದ ಖಡ್ಗಾವತಿಯ ಸೈನ್ಯ ಅದನ್ನು ಆಕ್ರಮಿಸಿ, ಬಾಗಿಲು ಬಡಿದು ಒಳನುಗ್ಗಿ, ಮನೆಮನೆಯಲ್ಲೂ ಬಿಡಾರ ಹೂಡಿತ್ತು. ಆಗ ಯಾರೋ ಒಬ್ಬಾಕೆ ಗಾಬರಿಯಿಂದ ಒಳಗಿನಿಂದಲೇ "ಮನೇಲಿ ಯಾರೂ ಇಲ್ಲ" ಎಂದು ಕೂಗಿದಳಂತೆ. ಸೈನಿಕ ನಂಬಿ ಮುಂದಿನ ಮನೆಗೆ ಹೋದನಂತೆ. ಅಂದಿನಿಂದ ಆಳುವವರ ಬುದ್ಧಿಯ ಮೇಲೆ ಜನಕ್ಕೆ ಅಪಾರ ಭರವಸೆ.

ಸೈನ್ಯ ತೊಲಗಿತು, ಮಾತು ಉಳಿಯಿತು. ಹೆಣ್ಣು ನೋಡಲು ಬಂದ ಬೀಗರಿಗೂ ಅದೇ ಉತ್ತರ. ಅವರು ಕೆಮ್ಮಿ ಹೆಸರು ಹೇಳಿದ ಮೇಲೆಯೇ ಚಿಲಕ ತೆಗೆಯುವುದು. ನಗಬೇಡಿ ಸ್ವಾಮಿ, ಹೆದರಿಕೆಯೂ ಪಿತ್ರಾರ್ಜಿತವೇ. ಅದಕ್ಕೆ ಪಾಲಿನ ಜಗಳವಿಲ್ಲ, ಅಷ್ಟೇ.

ಪರದೇಶದಲ್ಲಿ ಓದಿ ಬಂದ ಶ್ರೀಮನ್ಮಹಾರಾಜ ನಿರ್ಭಯವರ್ಮರಿಗೆ ಇದೊಂದೂ ತಿಳಿಯದು. 'ಮನೆಬಾಗಿಲಿಗೆ ಮಹಾಪ್ರಭು' ಯೋಜನೆಗೆ ಚಾಲನೆ ನೀಡಿ, ಸಿದ್ದವ್ವಜ್ಜಿಯ ಬಾಗಿಲನ್ನು ಸ್ವಹಸ್ತದಿಂದ ತಟ್ಟಿದರು. ಒಳಗೆ ಮೊಮ್ಮಗಳು ಹಸಿ ಬಾಣಂತಿ.

"ಮನೇಲಿ ಯಾರೂ ಇಲ್ಲ ಕಣಪ್ಪೋ!" ಎಂದಳು ಅಜ್ಜಿ.

ಬೀದಿಗೆ ಬೀದಿಯೇ ಹಾಗೆಂದಿತು. ಪ್ರಭುಗಳು ಕಂಗಾಲು.

"ಮಂತ್ರಿಗಳೇ, ನಮ್ಮ ಪ್ರಜೆಗಳೆಲ್ಲಿ?"

"ಪ್ರಭೂ, ತಮ್ಮ ಆಳ್ವಿಕೆಯಲ್ಲಿ ಬಡವನೊಬ್ಬನೂ ಉಳಿದಿಲ್ಲ!" ಎಂದ ಮಹಾಮಂತ್ರಿ ಸ್ತುತಿಧರ.

"ಒಳಗಿನಿಂದ ದನಿ ಬಂತಲ್ಲ?"

"ಅದು ಅಧಿಕೃತ ಹೇಳಿಕೆ. ಮನೆಯವರೇ ಹೇಳಿದ ಮೇಲೆ ಅನುಮಾನವೇ?"

ಖಾಲಿ ಮನೆ ಇಟ್ಟುಕೊಂಡು ಮಾಡುವುದೇನು? ಬಂಡವಾಳ ಆಕರ್ಷಿಸಲು ಅವನ್ನು ಹೊರಗಿನವರಿಗೆ ಕೊಡತಕ್ಕದ್ದೆಂದು ರಾಜಾಜ್ಞೆ ಹೊರಟಿತು. ಮೊದಲ ಅರ್ಜಿ ಖಡ್ಗಾವತಿಯ ಸೈನ್ಯದ್ದು. 'ಸ್ನೇಹಪೂರ್ವಕ ಕವಾಯತಿ'ಗೆ ವಸತಿ ಬೇಕಿತ್ತಂತೆ. ಏಕಗವಾಕ್ಷಿಯಲ್ಲಿ ಅಂದೇ ಮಂಜೂರು.

ಸುದ್ದಿ ಕೇಳಿ ಸಿದ್ದವ್ವಜ್ಜಿ ಬಿದ್ದೆನೋ ಎದ್ದೆನೋ ಎಂದು ಆಸ್ಥಾನಕ್ಕೆ ಓಡಿದಳು.

"ನಾವಿದ್ದೀವಿ ಬುದ್ಧೀ! ಮನೇಲಿ ಬಾಣಂತಿ ಅವಳೆ, ಹಸುಗೂಸು ಐತೆ. ಎಲ್ಲಿಗೆ ಕರ್ಕೊಂಡು ಹೋಗ್ಲಿ?"

ಮಂತ್ರಿ ಹುಬ್ಬು ಗಂಟಿಕ್ಕಿದ. "ಇರುವುದಾದರೆ ಅಂದೇ ಹೇಳಬೇಕಿತ್ತಮ್ಮ. ಈಗ ಇದ್ದೀರೆಂದರೆ ಪ್ರಭುಗಳ ಸಾಧನೆಗೆ ಅಪಚಾರವಾಗುತ್ತದೆ."

ಪ್ರಭುಗಳು ಒಮ್ಮೆ ಅಜ್ಜಿಯನ್ನು ನೋಡಿದರು. ಆಮೇಲೆ, ಆ ದಿನ ಪ್ರದಾನವಾಗಲಿದ್ದ 'ನಿಷ್ಪ್ರಜಾ ಚಕ್ರವರ್ತಿ' ಬಿರುದಿನ ಕಿರೀಟಕ್ಕೆ ತಲೆ ಒಡ್ಡಿದರು.

ಅತ್ತ ಸೈನ್ಯ ಊರು ಹೊಕ್ಕಿತು. ಖಾಲಿ ಮನೆಗಳೆಂದು ಪಕ್ಕಾ ಆಗಿದ್ದರಿಂದ ಈ ಸಲ ಯಾರೂ ಬಾಗಿಲು ಬಡಿಯುವ ಗೋಜಿಗೆ ಹೋಗಲಿಲ್ಲ. ಅಜ್ಜಿ ಬಾಣಂತಿಯನ್ನು ಹಿತ್ತಲಿನಿಂದ ದಾಟಿಸಿ ದನದ ಕೊಟ್ಟಿಗೆಯಲ್ಲಿ ಮಲಗಿಸಿದಳು. ಪಾಪ, ಇನ್ನೇನು ಮಾಡಿಯಾಳು? ಅರಮನೆಯ ಪಟಾಕಿ ಸದ್ದಿಗೆ ಕೂಸು ಬೆಚ್ಚಿಬಿದ್ದು ಅಳಲು ಬಾಯಿ ತೆರೆಯಿತು. ಅಜ್ಜಿ ಮೆಲ್ಲಗೆ ಅದರ ಬಾಯಿಗೆ ಕೈ ಅಡ್ಡ ಹಿಡಿದಳು.